ಗೂಟದ ದೊಡ್ಡಪ್ಪನ ಕಿಟಕಿ

ನಮ್ಮ ದೊಡ್ಡಪ್ಪನಿಗೆ ಕಾರ್ಖಾನೆಯವರು ಸಂಬಳ ಕೊಡುತ್ತಿದ್ದದ್ದು ಹಟ ಮಾಡುವುದಕ್ಕೆ. ಮನೆಯಲ್ಲಿ ಅದನ್ನೇ ಪುಕ್ಕಟೆಯಾಗಿ ಮಾಡುತ್ತಿದ್ದ. ಬೀದಿಯವರೆಲ್ಲ ಅವನನ್ನು ಗೂಟ ಎನ್ನುತ್ತಿದ್ದರು. ಅವನು ಅದನ್ನು ಬಿರುದು ಎಂದುಕೊಂಡಿದ್ದ.

ಆ ಕಾರ್ಖಾನೆಯಲ್ಲಿ ತಯಾರಾಗುತ್ತಿದ್ದದ್ದು ಮಂತ್ರದ ಲೋಹದ ಬಿಡಿಭಾಗಗಳು: ಕೀಲು, ಮೊಳೆ, ತಿರುಪು, ಅಂಥವು. ಎಲ್ಲಿ ಕೂರಿಸಿದರೂ ಆ ಜಾಗಕ್ಕೆ ತಾವೇ ಹೊಂದಿಕೊಳ್ಳುತ್ತಿದ್ದವು. ಬಾಗಿಲು ದಪ್ಪವಿದ್ದರೆ ಕೀಲು ಅಗಲವಾಗುತ್ತಿತ್ತು, ಗೋಡೆ ಸೊಟ್ಟಗಿದ್ದರೆ ಮೊಳೆಯೂ ತಕರಾರಿಲ್ಲದೆ ಸೊಟ್ಟಗಾಗುತ್ತಿತ್ತು. ಆದರೆ ಅಚ್ಚಿನಿಂದ ಆಗತಾನೇ ಬಂದ ಲೋಹಕ್ಕೆ ಈ ಸೌಜನ್ಯ ಇರುವುದಿಲ್ಲ. ಬಾಲ ಬಿಚ್ಚುತ್ತದೆ. ಹಿಗ್ಗುತ್ತದೆ, ಕುಗ್ಗುತ್ತದೆ, ಬೆರಳು ಕಚ್ಚುತ್ತದೆ. ಅದಕ್ಕೆಂದೇ ಇದ್ದ ಪಳಗಿಸುವ ಕೋಣೆಯಲ್ಲಿ ದೊಡ್ಡಪ್ಪ ಸ್ಟೂಲಿನ ಮೇಲೆ ಕೂತು, ಒಂದೊಂದನ್ನೇ ಮುಷ್ಟಿಯಲ್ಲಿ ಹಿಡಿದು, ಜಪ್ಪಯ್ಯ ಅಂದರೂ ಸಡಿಲಿಸದೆ ಗೋಡೆ ನೋಡುತ್ತಿದ್ದ. ಲೋಹ ಕೊನೆಗೆ ಬೇಸತ್ತು ಸುಮ್ಮನಾಗುತ್ತಿತ್ತು. ಆಮೇಲೆ ಅದು ಜನ್ಮದಲ್ಲಿ ಯಾರೊಂದಿಗೂ ಜಗಳಕ್ಕೆ ಹೋಗುತ್ತಿರಲಿಲ್ಲ. ಇಷ್ಟೇ ಕೆಲಸ. ಇದನ್ನು ಮುಗಿಸಿ ಮನೆಗೆ ಬರುವಾಗ ಅವನ ನಡಿಗೆ ಕೋಟೆ ಗೆದ್ದು ಬಂದವನ ಹಾಗಿರುತ್ತಿತ್ತು.

ಪಳಗಿಸುವವರಲ್ಲಿ ಒಂದು ಕಟ್ಟುಪಾಡಿತ್ತು. ಮನೆಯಲ್ಲಿ ಯಾರಿಗೂ ಸೋಲಬಾರದು. ಹೆಂಡತಿಯ ಮಾತಿಗೆ ಒಮ್ಮೆ ತಲೆಯಾಡಿಸಿದರೂ ಮಾರನೆಯ ದಿನ ಲೋಹಕ್ಕೆ ಅದರ ವಾಸನೆ ಬಡಿಯುತ್ತದೆ, ಆಮೇಲೆ ಅದು ತಲೆಯ ಮೇಲೆ ಕೂರುತ್ತದೆ, ಕೆಲಸ ಹೋಗುತ್ತದೆ. ಇದನ್ನು ಮೊದಲು ಯಾರು ಹೇಳಿದರೋ ಗೊತ್ತಿಲ್ಲ. ಹೇಳಿದವರು ಗಂಡಸರು ಎನ್ನುವುದರಲ್ಲಿ ನನಗೆ ಎಳ್ಳಷ್ಟೂ ಅನುಮಾನವಿಲ್ಲ.

ಈ ಕಟ್ಟುಪಾಡಿನ ಭಾರವೆಲ್ಲ ಬಿದ್ದದ್ದು ದೊಡ್ಡಮ್ಮನ ಎದೆಯ ಮೇಲೆ. ಅವಳಿಗೆ ಕೆಮ್ಮು. ಒಲೆಯ ಹೊಗೆ ಮಲಗುವ ಕೋಣೆಗೆ ಬಂದು ಅಲ್ಲೇ ಬೀಡುಬಿಡುತ್ತಿತ್ತು. ಇದ್ದ ಒಂದೇ ಕಿಟಕಿ ಸದಾ ಮುಚ್ಚಿರಬೇಕು; ತೆಗೆದರೆ ಬೀದಿಯ ಧೂಳು ದೊಡ್ಡಪ್ಪನ ಹಾಸಿಗೆಗೆ ಬರುತ್ತದೆ. ಒಮ್ಮೆ ಡಾಕ್ಟರು ಬಂದು ನೋಡಿ, "ಈ ರೂಮಿಗೆ ಗಾಳಿ ಬರ್ಲೇಬೇಕು. ಇಲ್ಲಾಂದ್ರೆ ಇವ್ರು ಉಳಿಯೋದು ಕಷ್ಟ" ಎಂದು ಹೇಳಿ ಹೋದರು.

"ಕೇಳಿಸ್ಕೊಂಡ್ರಲ್ಲ" ಎಂದಳು ದೊಡ್ಡಮ್ಮ.

"ಕೇಳಿಸ್ಕೊಂಡೆ. ಕಿಟಕಿ ತೆಗೆದ್ರೆ ನಿನ್ನ ಮಾತಿಗೆ ಸೋತ ಹಾಗಾಗುತ್ತೆ. ಕೆಲಸ ಹೋದ್ರೆ ಔಷಧಿ ಎಲ್ಲಿಂದ ತರ್ಲಿ?"

"ಇದು ನನ್ನ ಮಾತಲ್ಲ ರೀ, ಡಾಕ್ಟ್ರ ಮಾತು."

"ಅವ್ರನ್ನ ಕರೆಸಿದ್ದು ನೀನೇ ತಾನೆ?"

ನೆನೆದರೆ ನನಗೆ ಈಗಲೂ ಮೈ ಉರಿಯುತ್ತದೆ. ಆದರೆ ದೊಡ್ಡಮ್ಮ ಅದನ್ನು ನಂಬಿದ್ದಳು. ಗಂಡನ ಅನ್ನಕ್ಕೆ ಕಲ್ಲು ಹಾಕಬಾರದೆಂದು ದಿಂಬಿನಲ್ಲಿ ಮುಖವಿಟ್ಟು ಕೆಮ್ಮುತ್ತಿದ್ದಳು.

ಅದೇ ಸುಮಾರಿಗೆ ಕಾರ್ಖಾನೆಯವರು ದೊಡ್ಡಪ್ಪನ ಸೇವೆಯನ್ನು ಮೆಚ್ಚಿ, ಸಂಬಳ ಹೆಚ್ಚಿಸುವ ಗೋಜಿಗೆ ಹೋಗದೆ, ಅವನೇ ಪಳಗಿಸಿದ ಒಂದು ಜೊತೆ ಕೀಲನ್ನು ಉಡುಗೊರೆ ಕೊಟ್ಟರು. ಅವನು ಹಿಗ್ಗಿ ಹೀರೇಕಾಯಿಯಾದ. "ಇನ್ಮೇಲೆ ಈ ಕಿಟಕಿ ಒಂಚೂರೂ ಸಂದಿಲ್ಲದ ಹಾಗೆ ಮುಚ್ಕೊಳ್ಳುತ್ತೆ, ನೋಡ್ತಿರು" ಎಂದು ಹಳೆಯ ಕೀಲು ಕಿತ್ತು ಹೊಸದನ್ನು ಕೂರಿಸಿದ.

ಹೊಂದಿಕೊಳ್ಳುವುದು ಆ ಕೀಲಿನ ಗುಣ. ಅದು ಗೋಡೆಗೆ ಹೊಂದಿಕೊಂಡಿತು, ಚೌಕಟ್ಟಿಗೆ ಹೊಂದಿಕೊಂಡಿತು, ಆಮೇಲೆ ಕೋಣೆಯಲ್ಲಿ ಯಾರಿಗೆ ಏನು ಬೇಕಿದೆ ಎಂದು ನೋಡಿತು. ದೊಡ್ಡಮ್ಮ ಕೆಮ್ಮಿದಳು. ಕಿಟಕಿ ತೆರೆದುಕೊಂಡಿತು.

ದೊಡ್ಡಪ್ಪ ಮುಚ್ಚಿದ. ಅವಳು ಕೆಮ್ಮಿದಳು. ಮತ್ತೆ ತೆರೆಯಿತು. ಚಿಲಕ ಹಾಕಿದರೆ ಕೀಲು ಕಿಟಕಿಯ ಬಾಗಿಲನ್ನೇ ಚಿಲಕದಿಂದ ಆಚೆಗೆ ಎಳೆದುಕೊಂಡಿತು. ಕಿತ್ತು ಎಸೆಯೋಣವೆಂದರೆ ತಿರುಪುಗಳೂ ಅವನ ಕಾರ್ಖಾನೆಯವೇ. ಮರದೊಳಗೆ ಬೇರು ಬಿಟ್ಟುಕೊಂಡಿದ್ದವು. ಕಡೆಗೆ ರಜೆಯ ದಿನ ಬೆಳಗಿನಿಂದ ಕಿಟಕಿಯ ಬಾಗಿಲನ್ನು ಎರಡೂ ಕೈಯಲ್ಲಿ ಒಳಕ್ಕೆ ಎಳೆದು ಹಿಡಿದು ನಿಂತ. ಬೀದಿಯಲ್ಲಿ ನೋಡಲು ಜನ ಸೇರಿದರು. ಕೀಲಿನ ಪರವಾಗಿ ಮಾತಾಡುತ್ತಿದ್ದವರೇ ಹೆಚ್ಚು.

"ಊಟಕ್ಕೆ ಬರ್ತೀರಾ, ಇಲ್ಲಾ ಅಲ್ಲಿಗೇ ತಂದು ತಿನ್ನಿಸ್ಲಾ?" ಎಂದು ದೊಡ್ಡಮ್ಮ ಕೇಳಿದಳು.

"ಮಾತಾಡ್ಬೇಡ. ಇದನ್ನ ಪಳಗಿಸ್ತಾ ಇದೀನಿ."

"ಅದು ಪಳಗಿದೆ ರೀ. ನೀವೇ ಅಲ್ವಾ ಪಳಗಿಸಿದ್ದು?"

ಸಂಜೆಯ ಹೊತ್ತಿಗೆ ಅವನ ರಟ್ಟೆ ಬಿದ್ದುಹೋಯಿತು. ಕಿಟಕಿ ಸದ್ದಿಲ್ಲದೆ ತೆರೆಯಿತು. ಮುಚ್ಚಲು ಅವನು ಏಳಲಿಲ್ಲ. ದೊಡ್ಡಮ್ಮ ಅಂದು ಗಾಢವಾಗಿ ನಿದ್ದೆ ಮಾಡಿದಳು. ದೊಡ್ಡಪ್ಪ ಮಾತ್ರ, ಕೆಲಸ ಹೋಯಿತೆಂದು ಲೆಕ್ಕ ಹಾಕಿಕೊಂಡು, ಸೂರು ನೋಡುತ್ತ ಮಲಗಿದ್ದ.

ಮಾರನೆಯ ದಿನ ಪಳಗಿಸುವ ಕೋಣೆಯಲ್ಲಿ ಒಂದು ಮೊಳೆ ಹಿಡಿದ. ಅದು ಎಂದಿನಂತೆ ಹಿಗ್ಗಿತು, ಕುಗ್ಗಿತು, ಕಚ್ಚಿತು, ಸುಮ್ಮನಾಯಿತು. ಮುಂದಿನದೂ ಹಾಗೆಯೇ. ಯಾವ ಲೋಹಕ್ಕೂ ಯಾವ ವಾಸನೆಯೂ ಬಡಿಯಲಿಲ್ಲ. ಲೋಹಕ್ಕೆ ಮೂಗಿರುವುದಿಲ್ಲ ಎಂದು ಆ ಕಾರ್ಖಾನೆಯಲ್ಲಿ ಯಾರಿಗೂ ಹೊಳೆದೇ ಇರಲಿಲ್ಲ.

ಬದುಕಿದೆಯಾ ಬಡಜೀವವೇ ಎಂದು ಓಡೋಡುತ್ತಾ ಮನೆಗೆ ಬಂದ. "ಏನೂ ಆಗ್ಲಿಲ್ಲ ಕಣೇ. ಲೋಹಕ್ಕೆ ಗೊತ್ತೇ ಆಗ್ಲಿಲ್ಲ. ಕೆಲಸ ಉಳೀತು."

ದೊಡ್ಡಮ್ಮ ಕಿಟಕಿಯ ಪಕ್ಕ ಕೂತು ಬಟ್ಟೆ ಮಡಚುತ್ತಿದ್ದಳು. ಕೈಯಲ್ಲಿದ್ದ ಅಂಗಿಯನ್ನು ಪೂರ್ತಿ ಮಡಚಿ ಇಟ್ಟ ಮೇಲೆ ತಲೆಯೆತ್ತಿದಳು.

"ಹಾಗಾದ್ರೆ ಇಷ್ಟು ವರ್ಷ ನಾನು ಕೆಮ್ಮಿದ್ದು ಯಾತಕ್ಕೆ?"

ದೊಡ್ಡಪ್ಪ ಹೋಗಿ ಕಿಟಕಿಯನ್ನು ಇನ್ನಷ್ಟು ತೆಗೆಯಲು ನೋಡಿದ. ಅದು ಆಗಲೇ ಪೂರ್ತಿ ತೆರೆದಿತ್ತು.