ಮೇಲೆ ಬಾರದ ಕೇಜು

1993ರಲ್ಲಿ ನಾನು ಚಿನ್ನದ ಗಣಿಯ ಊರಾದ ರಾಬರ್ಟ್‌ಸನ್‌ಪೇಟೆಯಲ್ಲಿ ಕೇಬಲ್ ಟಿವಿ ನಡೆಸುತ್ತಿದ್ದೆ. ಒಂದು ಡಿಶ್, ಎರಡು ವಿಸಿಆರ್, ಒಂದು ಹಳೆಯ ಕ್ಯಾಮೆರಾ. ಗತ್ತು ಮಾತ್ರ ದೊಡ್ಡ ಸ್ಟೇಷನ್ನಿನದು. ಭಾನುವಾರ ಬೆಳಿಗ್ಗೆ ಒಂದು ಗಂಟೆ ಊರಿನವರಿಗೇ ಬಿಟ್ಟಿದ್ದೆ; ಯಾರು ಬೇಕಾದರೂ ಬಂದು ಏನು ಬೇಕಾದರೂ ಮಾಡಬಹುದಿತ್ತು. ಒಬ್ಬರು ಮೂಗಿನಿಂದ ಕೊಳಲು ಊದಿದರು. ಮೇಷ್ಟ್ರೊಬ್ಬರು ಗಿಣಿಯಿಂದ ಮಗ್ಗಿ ಹೇಳಿಸಲು ಬಂದರು. ಗಿಣಿ ಬಾಯಿ ಬಿಡಲಿಲ್ಲ, ಮೇಷ್ಟ್ರೇ ಇಪ್ಪತ್ತರವರೆಗೆ ಹೇಳಿ ಹೋದರು.

ಮುನಿಯಪ್ಪನವರು ನಮ್ಮೂರ ನಂದಿದುರ್ಗ ಗಣಿಯಿಂದ ನಿವೃತ್ತರಾದವರು. ಒಂದು ಭಾನುವಾರ ಬಂದು ಗಣಿಯ ಸದ್ದುಗಳನ್ನೆಲ್ಲ ಬಾಯಲ್ಲೇ ಮಾಡಿದರು. ಕೇಜ್, ಅಂದರೆ ಆಳುಗಳನ್ನು ಇಳಿಸುವ ಕಬ್ಬಿಣದ ಗೂಡು, ಕೆಳಗೆ ಜಾರುವ ಸದ್ದು, ಡ್ರಿಲ್ಲು, ಬಂಡೆ ಸಿಡಿಯುವ ಸದ್ದು, ಕೊನೆಗೆ ‘ಕೇಜನ್ನು ಮೇಲೆತ್ತಿ’ ಎನ್ನುವ ಗಂಟೆ. ಕ್ಯಾಮೆರಾ ಹಿಂದೆ ನಿಂತ ನನಗೆ ಮೈ ಜುಮ್ಮೆಂದಿತ್ತು.

ಅದಾದ ಆರು ತಿಂಗಳಿಗೆ, ಎದೆಯಲ್ಲಿ ತುಂಬಿದ್ದ ಗಣಿಧೂಳು ಅವರನ್ನು ಕೊಂದಿತು. ಹೆಂಡತಿ ಗೌರಮ್ಮ ಹುಡುಕಿಕೊಂಡು ಬಂದರು.

"ಫೋಟಾ ಐತಪ್ಪ, ದನಿ ಇಲ್ಲ. ಶಿಫ್ಟು ಮುಗಿಸ್ಕಂಡು ಬಂದ್ರೆ ಬಾಗ್ಲಾಗೆ ನಿಂತು ಆ ಗಂಟೆ ಒಡೀತಿದ್ರು. ಅದೊಂದ್ ಸಲ ಕೇಳ್ಸಪ್ಪ."

ನನ್ನಲ್ಲಿದ್ದದ್ದು ನಾಲ್ಕೇ ಕ್ಯಾಸೆಟ್. ಪ್ರಸಾರವಾದದ್ದರ ಮೇಲೆಯೇ ಮುಂದಿನದನ್ನು ರೆಕಾರ್ಡ್ ಮಾಡುವುದು ನಮ್ಮ ಪದ್ಧತಿ. ಹುಡುಕಿ ಹಾಕಿದೆ. ಪುಣ್ಯಕ್ಕೆ ಮುಂದಿನದನ್ನು ತುಂಬುವಾಗ ಪೂರ್ತಿ ರಿವೈಂಡ್ ಮಾಡಿರಲಿಲ್ಲ; ಮೊದಲ ಭಾಗ ಉಳಿದಿತ್ತು. ಮುನಿಯಪ್ಪ ಕಾಣಿಸಿದರು, "ಎಲ್ರೂ ಕೇಜ್ ಅತ್ಕಳ್ರಪ್ಪಾ" ಎಂದು ನಕ್ಕರು. ಕೇಜ್ ಕೆಳಗಿಳಿಯಿತು, ಇನ್ನೂ ಕೆಳಗೆ. ಪರದೆ ಪಟಪಟ ಹೊಡೆದುಕೊಂಡಿತು. ಮೈಸೂರು ಮೈನ್ಸ್ ಬಡಾವಣೆಯ ಗೃಹಿಣಿಯೊಬ್ಬರು ಕೈಮುಗಿದು, ಹುಳಿಯವಲಕ್ಕಿ ಮಾಡುವ ವಿಧಾನ ಶುರುಮಾಡಿದರು.

ಗೌರಮ್ಮ ಒಗ್ಗರಣೆ ಮುಗಿಯುವವರೆಗೂ ಕಾದರು.

"ಅವ್ರನ್ನ ಕೆಳಗೇ ಬಿಟ್‌ಬಿಟ್ಯಲ್ಲಪ್ಪ" ಎಂದರು. ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ. ಆಮೇಲೆ ಟಿವಿಯ ಹತ್ತಿರ ಹೋಗಿ, ಬಾಯಿಗೆ ಕೈ ಅಡ್ಡ ಹಿಡಿದು, ತಾವೇ ಗಂಟೆ ಹೊಡೆದರು: "ಟಣ್... ಟಣ್... ಟಣ್." ಸ್ವಲ್ಪ ಹೊತ್ತು ಬಾಗಿಲ ಕಡೆ ನೋಡಿದರು. ನಾನೂ ನೋಡಿದೆ.

ಕ್ಯಾಸೆಟ್ಟಿನ ಬೆನ್ನಲ್ಲಿ ಒಂದು ಪ್ಲಾಸ್ಟಿಕ್ ಚೂರಿರುತ್ತದೆ. ಅದನ್ನು ಮುರಿದರೆ ಮತ್ತೆ ರೆಕಾರ್ಡ್ ಆಗದು. ಅಂದಿನಿಂದ ಊರಿನವರ ಒಂದು ಕ್ಯಾಸೆಟ್ಟನ್ನೂ ಆ ಚೂರು ಮುರಿಯದೆ ಬಿಡಲಿಲ್ಲ, ಮೇಷ್ಟ್ರು ಮತ್ತೆ ಕರೆತಂದ ಮೂಕ ಗಿಣಿಯದನ್ನೂ ಸೇರಿಸಿ. ಯಾರು ಯಾವುದನ್ನು ಕೇಳಿಕೊಂಡು ಬರುತ್ತಾರೋ, ಅದನ್ನು ತೀರ್ಮಾನಿಸಲು ನಾನ್ಯಾರು?

ಮುನಿಯಪ್ಪನವರದು ಈಗಲೂ ನನ್ನ ಬಳಿ ಇದೆ. ಆಗಾಗ ಹಾಕುತ್ತೇನೆ. ಅವಲಕ್ಕಿ ಬರುವ ಮುಂಚೆ ನಿಲ್ಲಿಸಿ, ಗೌರಮ್ಮನವರಂತೆ ಗಂಟೆ ಹೊಡೆಯುತ್ತೇನೆ. ನನಗೆ ಅದು ಸರಿಯಾಗಿ ಬರುವುದಿಲ್ಲ.