ಒಟ್ಟೆ ಡಾಕ್ಟ್ರಮ್ಮನ ಓಟು

ತಾಳಮಲೆಯ ಕಾಡಂಚಿನಲ್ಲಿ ಈಗಷ್ಟೇ ಬೆಳಕು ಹರಿಯುತ್ತಿದೆ. ಸೋನೆ ಮಳೆ ಹಳೆಯ ಕಟ್ಟಡದ ಹೊಸ ತಗಡಿನ ಮೇಲೆ ಬಡಿಯುತ್ತಿದೆ. ಒಳಗೆ ಮಂಚದ ಪಕ್ಕ ನಿಂತ ಡಾಕ್ಟರ್ ತಿಲಕವತಿ ಒಮ್ಮೆ ಕುಮಾರಿಯ ನಾಡಿ ಹಿಡಿಯುತ್ತಾರೆ, ಒಮ್ಮೆ ಕತ್ತೆತ್ತಿ ಸೂರು ನೋಡುತ್ತಾರೆ. ಒಂದು ಹನಿಯೂ ಒಳಗೆ ಬೀಳುತ್ತಿಲ್ಲ. ಆ ಖುಷಿ ಅವರ ಮುಖದ ತುಂಬ ಇದೆ.

“ಉಸ್ರು ಬುಡು ಕಣವ್ವಾ. ಆಂ, ಅಂಗೆ. ಯಾರೂ ಅಟ್ಟಿಸ್ಕಂಡ್ ಬತ್ತಾ ಇಲ್ಲ, ನಿಧಾನ್ವಾಗೇ ಬರ್ಲಿ ನಿನ್ ಮಗ.”

ಕುಮಾರಿಗೆ ಚೊಚ್ಚಲು. ಈ ಕೋಣೆಗೂ ಚೊಚ್ಚಲು. ಇಲ್ಲಿ ಮೊದಲ ಹೆರಿಗೆ ಸುಸೂತ್ರವಾದರೆ ಸುತ್ತಲ ಹಾಡಿಗಳ ಬಸುರಿಯರು ನಂಬಿ ಬರುತ್ತಾರೆ. ಎಡವಟ್ಟಾದರೆ ಮತ್ತೆ ಅದೇ ಪಾಡು: ಕೆಳಗಿನ ಆಸ್ಪತ್ರೆಗೆಂದು ಆನೆ ದಾಟುವ ದಾರಿಯಲ್ಲಿ ಜೀಪು, ದಿಂಬಂ ಘಾಟಿಯ ತಿರುವು, ದೇವರ ಮೇಲೆ ಭಾರ. ಅದಕ್ಕೇ ನರ್ಸ್ ಸೆಲ್ವಿ ಎಲ್ಲವನ್ನೂ ಎರಡೆರಡು ಸಲ ಕುದಿಸಿಟ್ಟಿದ್ದಾರೆ. ಏನಾದರೂ ಆದೀತೆಂದು ಹೊರಗೆ ಜೀಪೂ ನಿಂತಿದೆ.

ಅರವತ್ತು ದಾಟಿದ ತಿಲಕವತಿ ಈ ಸೀಮೆಯವರಲ್ಲ. ಹುಟ್ಟಿದ್ದು ಸಿಲೋನಿನ ಟೀ ತೋಟದ ಕೂಲಿ ಲೈನಿನಲ್ಲಿ. ತೋಟದ ತಮಿಳರನ್ನು ಸಾಗಹಾಕುವ ಕಾಲಕ್ಕೆ ಅವ್ವನ ಸೆರಗು ಹಿಡಿದು ಹಡಗು ಹತ್ತಿ ಬಂದವರು. ಸರ್ಕಾರದ ಲೆಕ್ಕದಲ್ಲಿ ಅವರು ‘ತಾಯ್ನಾಡಿಗೆ ತಿರುಗಿ ಬಂದವರು’. “ನಾನ್ ಎಲ್ಗೂ ಓಗೇ ಇರ್ನಿಲ್ಲ, ತಿರ್ಗಿ ಬರೋದ್ ಎಲ್ಲಿಂದ?” ಎಂದು ನಗುತ್ತಾರೆ. ಅವ್ವ ನೀಲಗಿರಿಯಲ್ಲಿ ಮತ್ತೆ ಚಿಗುರು ಕಿತ್ತು ಮಗಳನ್ನು ಓದಿಸಿದಳು. ಮಗಳು ಡಾಕ್ಟರಾಗಿ, ತಮಿಳುನಾಡಿನೊಳಗಿದ್ದರೂ ಕನ್ನಡವಾಡುವ, ಬೇರೆ ಯಾರೂ ಬರಲೊಪ್ಪದ ಈ ಬೆಟ್ಟಕ್ಕೆ ಬಂದು ಇಲ್ಲೇ ಉಳಿದುಬಿಟ್ಟರು.

ಬಂದ ಹೊಸತರಲ್ಲಿ ಕನ್ನಡದ ಗಂಧವೂ ಇರಲಿಲ್ಲ. ಮೊದಲ ದಿನವೇ ಹಾಡಿಯ ದೊಡ್ಡಬೊಮ್ಮ ಬಂದು, “ಒಟ್ಟೆ ತಾಯೀ, ಒಟ್ಟೆ! ತಡ್ಕಳಕ್ ಆಯ್ತಾ ಇಲ್ಲ” ಎಂದು ಗೋಳಾಡಿದ. ಈ ಬೆಟ್ಟದ ಬಾಯಲ್ಲಿ ‘ಹ’ ನಿಲ್ಲುವುದಿಲ್ಲ, ಹೊಟ್ಟೆ ಒಟ್ಟೆಯಾಗುತ್ತದೆ. ತಮಿಳಿನಲ್ಲಿ ಓಟ್ಟೆ ಎಂದರೆ ತೂತು. ಅಯ್ಯೋ, ಕಾಡುಹಂದಿ ತಿವಿದಿದೆ ಎಂದುಕೊಂಡ ಡಾಕ್ಟರು ಅವನ ಅಂಗಿ ಬಿಚ್ಚಿಸಿ, ಬೆನ್ನು ತಿರುಗಿಸಿ, ಕಂಕುಳೆತ್ತಿಸಿ ತೂತು ಹುಡುಕಿದ್ದೇ ಹುಡುಕಿದ್ದು. ಕೊನೆಗೆ ಸಿಗದ ಗಾಯಕ್ಕೆ ಒಂದು ಇಂಜೆಕ್ಷನ್ನನ್ನೂ ಚುಚ್ಚಿ ಕಳಿಸಿದರು.

“ಒಟ್ಟೆ ನೋವು ಅಂದ್ರೆ ಬೆನ್ ನೋಡಿದ್ರು ಕಣಪ್ಪಾ” ಎಂದು ದೊಡ್ಡಬೊಮ್ಮ ಊರೂರು ಸಾರಿದ. ಅವತ್ತಿನಿಂದ ಅವರು ‘ಒಟ್ಟೆ ಡಾಕ್ಟ್ರಮ್ಮ’. ಆಮೇಲೆ ಕನ್ನಡ ಕಲಿತದ್ದೂ ಇಂಥ ರೋಗಿಗಳಿಂದಲೇ. ಹಾಗಾಗಿ ಅವರ ಕನ್ನಡದಲ್ಲೂ ‘ಹ’ ಇಲ್ಲ, ಕಲಿಸಿದವರಲ್ಲಿ ಇದ್ದರೆ ತಾನೇ!

ನಿವೃತ್ತರಾದ ಮೇಲೆ ಸುಮ್ಮನಿರುತ್ತಾರೆ ಎಂದುಕೊಂಡಿದ್ದು ತಪ್ಪಾಯಿತು. ಪಂಚಾಯಿತಿ ಒಕ್ಕೂಟದ, ಎಂದರೆ ಅಲ್ಲಿನ ತಾಲ್ಲೂಕು ಪಂಚಾಯಿತಿಯ, ಕೌನ್ಸಿಲರ್ ಚುನಾವಣೆ ಬಂದಾಗ ಹಾಡಿಯ ಹೆಂಗಸರೇ ಅವರನ್ನು ನಿಲ್ಲಿಸಿದರು. “ಒಟ್ಟೆ ನೋಡ್ದೋರ್ಗೇ ಓಟು” ಎಂದು ಮನೆಮನೆಗೆ ಹೇಳಿ ಗೆಲ್ಲಿಸಿಯೂಬಿಟ್ಟರು. ಡಾಕ್ಟ್ರಮ್ಮನಿಗೆ ಬೇಕಾಗಿದ್ದು ಒಂದೇ: ತಾಳಮಲೆಯಲ್ಲಿ ಪಾಳುಬಿದ್ದ ಹಳೆಯ ಶಾಲೆಯ ಕಟ್ಟಡ ಹೆರಿಗೆ ಕೋಣೆಯಾಗಬೇಕು. ಕೇಳಿದಾಗೆಲ್ಲ “ಮೇಲಿಂದ ಬರಬೇಕು” ಎಂಬ ಉತ್ತರ. ಈ ನಡುವೆ ಇನ್ನೊಬ್ಬ ಕೌನ್ಸಿಲರ್, ಬೇಸಾಯಗಾರ ಮಹದೇವಪ್ಪ, ಅದನ್ನೇ ಬೆಳ್ಳುಳ್ಳಿ ಗೋದಾಮಿಗೆ ಕೇಳಿದ್ದರು.

ಕಳೆದ ವರ್ಷ ಬೆಟ್ಟದ ಕೆಳಗಿನ ತಮಿಳು ಬಯಲಿನಿಂದ ಒಕ್ಕೂಟಕ್ಕೆ ಹೊಸ ಆಫೀಸರ್ ಬಂದರು, ಕನ್ನಡ ಬಾರದವರು. ಸಭೆಯಲ್ಲಿ ತಿಲಕವತಿ ಎದ್ದು ನಿಂತು, ಅಭ್ಯಾಸಬಲದಿಂದ ಕನ್ನಡದಲ್ಲೇ ಶುರುಹಚ್ಚಿದರು: “ತಾಳಮಲೆ ಬಿಲ್ಡಿಂಗು ಸಾರ್. ಒಟ್ಟೆ ವಿಚಾರ.”

“ಓಟ್ಟೆಯಾ? ಎವ್ವಳವು ಪೆರುಸು?” ಆಫೀಸರ್ ಕೇಳಿದ್ದು ತೂತು ಎಷ್ಟು ದೊಡ್ಡದು ಎಂದು.

ಹೊಟ್ಟೆಯನ್ನೇ ಕೇಳಿದರೆಂದುಕೊಂಡ ಡಾಕ್ಟ್ರಮ್ಮ ತಮ್ಮ ಹೊಟ್ಟೆಯ ಮುಂದೆ ಎರಡೂ ಕೈ ಚಾಚಿ, ದಿನ ತುಂಬಿದ ಬಸುರಿಯಷ್ಟು ಅಗಲ ತೋರಿಸಿದರು. ಆಫೀಸರ್ ಹೌಹಾರಿದರು. ಸೂರಿನಲ್ಲಿ ಅಷ್ಟು ದೊಡ್ಡ ತೂತೇ! ಈ ವಾರವೇ ಮುಚ್ಚಿಸಿ ಎಂದು ಅಲ್ಲೇ ಅಪ್ಪಣೆ ಮಾಡಿದರು.

ಎರಡೂ ಭಾಷೆ ಬಲ್ಲ ಮಹದೇವಪ್ಪ ಬಾಯಿಗೆ ಟವೆಲ್ಲು ತುರುಕಿಕೊಂಡು ನಗುವುದನ್ನು ಕಂಡಾಗಲೇ ತಿಲಕವತಿಗೆ ಎಲ್ಲ ಹೊಳೆದದ್ದು. ದೊಡ್ಡಬೊಮ್ಮನ ಬೆನ್ನಿನಲ್ಲಿ ತಾನು ಹುಡುಕಿದ ತೂತು ಇಷ್ಟು ವರ್ಷದ ಮೇಲೆ ತಾಳಮಲೆಯ ಸೂರಿನಲ್ಲಿ ಸಿಕ್ಕಿತ್ತು! ಸರಿಪಡಿಸಿ ಹೇಳಲು ಬಾಯಿ ತೆರೆದರು. ಒಂದು ಮಾತಿನಲ್ಲಿ ಎಲ್ಲ ಕೆಡಿಸಬಹುದಾಗಿದ್ದ ಮಹದೇವಪ್ಪನೇ ಕೈಸನ್ನೆ ಮಾಡಿ ಕೂರಿಸಿದರು.

“ಸೂರು ಸೋರಾದು ದಿಟ ತಾನೆ? ಮುಚ್ಲಿ ಬುಡಿ ಅಂದೆ” ಎನ್ನುತ್ತಾರೆ ಮಹದೇವಪ್ಪ ಈಗ. “ನಮ್ ಸೊಸೆ ಸೌಮ್ಯ ಜೀಪಲ್ಲೇ ಎತ್ತವ್ಳೆ, ದಿಂಬಂ ತಿರುವಲ್ಲಿ. ಪಕ್ಕದಲ್ಲಿ ಈ ಯಮ್ಮ ಇಲ್ದಿದ್ರೆ ನನ್ ಮೊಮ್ಮಗ ಎಲ್ಲಿರ್ತಿದ್ದ? ಬೆಳ್ಳುಳ್ಳಿ ಎಲ್ಲಾದ್ರೂ ಒಣಗ್ತದೆ.”

ಸೂರಾಯಿತು, ನೆಲವಾಯಿತು. ಕೆಲಸ ನೋಡಲು ಬಂದ ಆಫೀಸರಿಗೆ ಜಗಲಿಯ ಮೇಲೆ ಸಾಲಾಗಿ ಕೂತ ಬಸುರಿಯರು ಕಂಡರು. ಡಾಕ್ಟ್ರಮ್ಮ ಒಂದೊಂದೇ ಹೊಟ್ಟೆ ತೋರಿಸಿ, ನಾನು ಅವತ್ತು ಕೇಳಿದ ಒಟ್ಟೆ ಇದು ಎಂದು ತಮಿಳಿನಲ್ಲಿ ತಪ್ಪೊಪ್ಪಿಕೊಂಡರು. ಪುಣ್ಯಾತ್ಮ ಸಿಟ್ಟಾಗಲಿಲ್ಲ. ಬಿದ್ದು ಬಿದ್ದು ನಕ್ಕು, ತಾವೇ ಓಡಾಡಿ ಹೆರಿಗೆ ಕೋಣೆಗೆ ಅನುಮತಿ ತಂದುಕೊಟ್ಟರು.

ಆ ಕೋಣೆಯಲ್ಲಿ ಈಗ ಕುಮಾರಿ ಹಲ್ಲುಕಚ್ಚಿ ತಿಣುಕುತ್ತಿದ್ದಾಳೆ. ಹೊರಗೆ ಜಗಲಿಯಲ್ಲಿ ಕೂತ ಹಣ್ಣುಹಣ್ಣು ಮುದುಕ ಅವಳ ತಾತ. ಬೇರೆ ಯಾರೂ ಅಲ್ಲ, ಅದೇ ದೊಡ್ಡಬೊಮ್ಮ. ಕಾದು ಕಾದು ಸಾಕಾಗಿ ಬಾಗಿಲ ಕಡೆ ಕೂಗುತ್ತಾನೆ, “ಒಟ್ಟೇನೇ ನೋಡ್ತಾ ಇದ್ದೀಯಾ ತಾಯಿ? ಬೆನ್ ನೋಡ್ತಾ ಇಲ್ವಲ್ಲ?”

“ಸುಮ್ಕಿರು ಬೊಮ್ಮಣ್ಣಾ, ಇಲ್ದಿದ್ರೆ ನಿಂಗಿನ್ನೊಂದ್ ಚುಚ್ತೀನಿ!”

ಕುಮಾರಿ ನೋವಿನ ನಡುವೆಯೂ ಕಿಸಕ್ಕನೆ ನಗುತ್ತಾಳೆ. ಆ ನಗುವಿನ ಬೆನ್ನಿಗೇ ಒಂದು ದೊಡ್ಡ ಚೀರು, ಆಮೇಲೆ ಒಂದು ಪುಟ್ಟ ಅಳು. ಸೆಲ್ವಿ ಕೂಸನ್ನು ಒರೆಸಿ ತಾಯಿಯ ಎದೆಯ ಮೇಲಿಡುತ್ತಾರೆ. ಮುದುಕ ಹೊರಗೆ ಕಣ್ಣೊರೆಸಿಕೊಳ್ಳುತ್ತಾನೆ. ಜೀಪಿನವನು ಮನೆಗೆ ಹೊರಡುತ್ತಾನೆ.

ಇನ್ನೇನು ಬೇಕು ಡಾಕ್ಟ್ರಮ್ಮಾ ಎಂದರೆ ತಿಲಕವತಿ ಕೈ ತೊಳೆಯುತ್ತ ಹೇಳುತ್ತಾರೆ, “ನಂಗೇನ್ ಬೇಕು? ಈ ಕೂಸು ಇಲ್ಲೇ ಉಟ್ಟದೆ. ಇದನ್ನ ಯಾರೂ ತಿರುಗಿ ಬಂದೋಳು ಅನ್ನಾಂಗಿಲ್ಲ. ಅಷ್ಟು ಸಾಕು.”

ಅಷ್ಟರಲ್ಲಿ ಫೋನು. ಆಫೀಸರ್. ಜೋರು ಮಳೆಯಂತೆ, ಓಟ್ಟೆ ಹೇಗಿದೆ ಎಂದು ತಮಿಳಿನಲ್ಲಿ ವಿಚಾರಿಸುತ್ತಾರೆ. ಡಾಕ್ಟ್ರಮ್ಮನಿಗೆ ಖುಷಿಯಲ್ಲಿ ತಮಿಳೇ ಮರೆತುಹೋಗುತ್ತದೆ.

“ಓಟ್ಟೆ ಮುಚ್ಕಂಡದೆ ಸಾರ್. ಒಟ್ಟೆ ಖಾಲಿ ಆಯ್ತು. ಎಣ್ಣು ಕೂಸು, ಅಳ್ತಾ ಅದೆ, ಕೇಳಿ!”