ಹುಟ್ಟಿದ ದಿನಕ್ಕೆ ಸಾಕ್ಷಿ

ಮೊನ್ನೆ ಪಕ್ಕದ ಮನೆಯಲ್ಲಿ ಬಾಣಂತಿಗೆ ಓಂಕಾಳಿನ ಹೊಗೆ ಹಾಕುತ್ತಿದ್ದರು. ಆ ಘಾಟು ಕಿಟಕಿಯಿಂದ ಒಳಗೆ ಬಂತು. ಓದುತ್ತಿದ್ದ ಪೇಪರು ಮಡಿಸಿಟ್ಟೆ. ನಮ್ಮ ದಾಯಿಮಾ ಮನೆಗೆ ಬಂದರೆ ಅವಳ ಸೀರೆಯಿಂದಲೂ ಇದೇ ವಾಸನೆ ಬರುತ್ತಿತ್ತು...

ಹಲಸೂರಿನ ನಮ್ಮ ಗಲ್ಲಿಯಲ್ಲಿ ನನ್ನ ಓರಗೆಯವರ ಹೆರಿಗೆಯನ್ನೆಲ್ಲ ಮಾಡಿಸಿದವಳು ಅವಳೇ. ಮನೆ ಶಿವಾಜಿನಗರದಲ್ಲಿ, ಆಗ ಅದನ್ನು ಬ್ಲ್ಯಾಕ್‌ಪಲ್ಲಿ ಅನ್ನುತ್ತಿದ್ದರು. ಮನೆಯೊಳಗೆ ದಖ್ಖನಿ, ನಮ್ಮ ಜೊತೆ ಕನ್ನಡ, ನಮ್ಮ ಎದುರು ಮನೆಯವರ ಜೊತೆ ತಮಿಳು. ಬೈಗುಳ ಮಾತ್ರ ಮೂರರಲ್ಲೂ.

ಅಪ್ಪ ಕಗ್ಗದಾಸಪುರದಿಂದ ಬಂದು ದಂಡಿನ, ಅಂದರೆ ಕಂಟೋನ್ಮೆಂಟಿನ, ಬಂಗಲೆಯೊಂದರಲ್ಲಿ ತೋಟದ ಕೆಲಸಕ್ಕಿದ್ದವನು. ನನ್ನ ಹುಟ್ಟನ್ನು ಎಲ್ಲೂ ಬರೆಸಿರಲಿಲ್ಲ. ಸ್ಕೂಲಿಗೆ ಸೇರಿಸಿದ ದಿನ ಹೆಡ್‌ಮಾಸ್ಟರು ಆಗಿನ ಪದ್ಧತಿಯಂತೆ, ಬಲಗೈಯನ್ನು ತಲೆ ಮೇಲಿಂದ ತಂದು ಎಡಗಿವಿ ಮುಟ್ಟು ಅಂದರು. ಮುಟ್ಟಿದೆ. ನಮ್ಮ ವಂಶದವರ ಕೈಗಳೇ ಉದ್ದ! "ಇನ್ನೂ ನಾಕೇ ವರ್ಷ ಸ್ವಾಮಿ" ಅಂತ ಅಮ್ಮ ಅಂದದ್ದನ್ನು ಅವರು ಕಿವಿಗೆ ಹಾಕಿಕೊಳ್ಳಲಿಲ್ಲ. ಆರು ತುಂಬಿದೆ ಅಂತ ಯಾವುದೋ ತಾರೀಖು ಬರೆದುಕೊಂಡರು.

ಮೆಟ್ರಿಕ್ ಪಾಸಾದಾಗ ಆ ಎರಡು ವರ್ಷ ಅಡ್ಡ ಬಂತು. ಯುದ್ಧದ ಕಾಲ, ಬೀದಿ ತುಂಬ ಸೋಲ್ಜರುಗಳು, ಮನೆಯಲ್ಲಿ ಅಕ್ಕಿಗೂ ಕಷ್ಟ. ಕಾಲೇಜಿಗೆ ಹೋಗಲು ನನಗಿದ್ದದ್ದು ಸ್ಕಾಲರ್‌ಶಿಪ್ ಒಂದೇ ದಾರಿ. ದಾಖಲೆ ಪ್ರಕಾರ ಅದರ ವಯಸ್ಸಿನ ಮಿತಿ ಮೀರಿತ್ತು. ನನಗಿಂತ ಮೊದಲು ನಮ್ಮ ಮನೆಯಲ್ಲಿ ಹೆಸರು ಬರೆಯಲು ಕಲಿತವರೇ ಇರಲಿಲ್ಲ. ಅಲ್ಲಿಗೆ ನಿಂತರೆ ನಾನೂ ತೋಟಕ್ಕೇ. ಮ್ಯಾಜಿಸ್ಟ್ರೇಟರ ಆರ್ಡರಿಲ್ಲದೆ ತಿದ್ದುವುದಿಲ್ಲ ಅಂದರು ಸ್ಕೂಲಿನವರು. ಹೆತ್ತವರ ಮಾತು ಸಾಲದು, ಹುಟ್ಟಿದಾಗ ಹತ್ತಿರವಿದ್ದ ಬೇರೆಯವರು ಬಂದು ಹೇಳಬೇಕು ಅಂದರು ವಕೀಲರು.

ಅಮ್ಮ ನನ್ನನ್ನು ಕರೆದುಕೊಂಡು ದಾಯಿಮಾ ಮನೆಗೆ ಹೋದಳು. ವಿಷಯ ಕೇಳಿ ಅವಳು ಮೊರದಲ್ಲಿದ್ದ ಅಕ್ಕಿಯನ್ನು ಕೊನೆಯವರೆಗೂ ಆರಿಸಿ ಮುಗಿಸಿದಳು. ಆಮೇಲೆ, "ಬರ್ತೀನಿ. ಹುಟ್ಟೋವಾಗ್ಲೂ ನನ್ ಸೊಂಟ ಮುರ್ದ ಇವನು, ಈಗ್ಲೂ ಬಿಡೋ ಹಾಗಿಲ್ಲ" ಅಂತ ನನ್ನ ತಲೆಗೆ ಮೊಟಕಿದಳು.

ಕೋರ್ಟಿನಲ್ಲಿ ಹೇಳಿದಳು: "ರಂಜಾನ್ ಹಬ್ಬದ ಮಾರನೇ ದಿನ, ಸಾಬ್. ಆಮೇಲೆ ಹದಿನೈದು ರಂಜಾನ್ ಆಯ್ತು."

ಮ್ಯಾಜಿಸ್ಟ್ರೇಟರು ನಕ್ಕರು. "ಏನಮ್ಮಾ, ಇಡೀ ದಂಡಿನ ಮಕ್ಕಳ ಹುಟ್ಟಿದ ದಿನ ನಿನಗೆ ಬಾಯಿಪಾಠವೋ?"

"ಇಲ್ಲ ಸಾಬ್. ಎಲ್ಲಾ ಮರ್ತೋಯ್ತು. ಇದೊಂದು ಮರೆಯಕ್ಕಾಗ್ಲಿಲ್ಲ."

ಯಾಕೆ ಅಂತ ಕೇಳಿದರು. ಅವರು ಕೇಳಲೇಬೇಕಿತ್ತು...

"ಅವತ್ತು ನನ್ ಮಗೂಗೆ ಜ್ವರ. ತಂಗಿ ಹತ್ರ ಬಿಟ್ಟು ಬಂದಿದ್ದೆ. ಇವನು ಹೊಟ್ಟೇಲಿ ಅಡ್ಡ ತಿರುಗಿದ್ದ. ನಾನು ಎದ್ದು ಹೋಗಿದ್ರೆ ತಾಯೀನೂ ಉಳೀತಿರ್ಲಿಲ್ಲ. ಇವನು ಅತ್ತ ಮೇಲೆ ಮನೆಗೆ ಓಡ್ದೆ. ಅವನು ಹೋಗ್ಬಿಟ್ಟಿದ್ದ." ಸೆರಗನ್ನು ತಲೆಯ ಮೇಲೆ ಎಳೆದುಕೊಂಡಳು. "ಅವನಿಲ್ದೆ ಎಷ್ಟು ಹಬ್ಬ ಆಯ್ತು ಅಂತ ನಾನು ಎಣಿಸ್ದೆ ಇನ್ಯಾರು ಎಣಿಸ್ತಾರೆ ಸಾಬ್?"

ಮ್ಯಾಜಿಸ್ಟ್ರೇಟರು ಗುಮಾಸ್ತರ ಕಡೆ ತಿರುಗಿದರು. ಗುಮಾಸ್ತರು ಹಳೆಯ ಕ್ಯಾಲೆಂಡರ್ ತರಿಸಿ ತಾರೀಖು ಹುಡುಕಿದರು. ಆರ್ಡರ್ ಆಯಿತು.

ಹೊರಗೆ ಹುಣಿಸೆ ಮರದ ಕೆಳಗೆ ಅಮ್ಮ ಅವಳ ಎರಡೂ ಕೈ ಹಿಡಿದುಕೊಂಡಳು. "ಮಗು ಹೋಯ್ತು ಅಂತ ಗೊತ್ತಿತ್ತು ದಾಯಿಮಾ. ಅವತ್ತೇ ಅಂತ ಒಂದ್ ಮಾತು ಹೇಳ್ಲಿಲ್ವಲ್ಲ..."

"ಹೇಳಿದ್ರೆ ನೀನು ಇವನ್ನ ನಗ್ತಾ ಎತ್ಕೊಳ್ತಿದ್ಯಾ?"

ಮೂವರೂ ನಡೆದುಕೊಂಡೇ ಮನೆಗೆ ಬಂದೆವು.

ನಾನು ಬಿ.ಎ. ಮಾಡಿದೆ. ನಮ್ಮ ಗಲ್ಲಿಯ ಮೊದಲ ಗ್ರಾಜುಯೇಟ್ ನಾನೇ. ಹೇಳಿಕೊಳ್ಳಲು ಇವತ್ತಿಗೂ ಸಂಕೋಚವಿಲ್ಲ. ರಿಸಲ್ಟ್ ಬಂದ ದಿನ ಸಿಹಿ ಹಿಡಿದು ಹೋದರೆ ದಾಯಿಮಾ ಮನೆಯಲ್ಲಿ ಬೇರೆ ಯಾರೋ ಇದ್ದರು. ಚಳಿಗಾಲದಲ್ಲೇ ತೀರಿಕೊಂಡಳಂತೆ. ತಂಗಿಯ ಸಂಸಾರ ಊರು ಬಿಟ್ಟಿತ್ತು.

ಈಗ ನನ್ನ ಹುಟ್ಟಿದ ದಿನ ಬಂದರೆ ಮೊಮ್ಮಕ್ಕಳು ಬೆಳಿಗ್ಗೆಯೇ ಬಂದು ತಬ್ಬಿಕೊಳ್ಳುತ್ತಾರೆ. ನಾನೂ ನಗುತ್ತೇನೆ. ಅವರು ಆ ಕಡೆ ಹೋದ ಮೇಲೆ, ದಾಯಿಮಾಳ ಮಗ ಬದುಕಿದ್ದರೆ ಅವನಿಗೀಗ ಎಷ್ಟು ವಯಸ್ಸಾಗುತ್ತಿತ್ತು ಅಂತ ಲೆಕ್ಕ ಹಾಕಲು ನೋಡುತ್ತೇನೆ. ಆಗುವುದಿಲ್ಲ. ಅವನು ಹೋದ ದಿನ ಮಾತ್ರ ನನಗೆ ಗೊತ್ತು. ಹುಟ್ಟಿದ ದಿನ ಹೇಳಬಲ್ಲವಳು ಒಬ್ಬಳೇ ಇದ್ದಳು.